ಅಂಗೈಗೆ ಹಾಕಿದ ಸಾಸಿವೆ

ಅಡುಗೆ ಮಾಡುವವಳು ತನ್ನ ಅಡುಗೆಯ ರುಚಿ ತಾನೇ ನೋಡಬಾರದು. ಇದು ನಮ್ಮವ್ವ ಮುತ್ತವ್ವನ ಕಾಯಿದೆ. ನೋಡಿದರೆ ಉಣ್ಣುವವರ ತಾಟಿಗೆ ಹೋಗುವ ಮೊದಲೇ ಪಾತ್ರೆ ಎಂಜಲಾಯಿತು ಅಂತ ಅರ್ಥ. ಹಾಗಾದರೆ ಉಪ್ಪು ಹುಳಿ ತಿಳಿಯುವುದು ಹೇಗೆ ಎಂದು ಕೇಳಿದರೆ, “ಮನಿಯಾಗ ಒಬ್ಬಾಂವ ಇರ್ತಾನಲ್ಲ, ಅವನ ಅಂಗೈಗೆ ಹಾಕು” ಅನ್ನುತ್ತಿದ್ದಳು. ಅವಳು ಸತ್ತು ಹದಿನಾರು ವರ್ಷವಾಯಿತು. ಕಾಯಿದೆ ಮಾತ್ರ ನನ್ನ ತಲೆಯ ಮೇಲೆ ಕೂತೇ ಇದೆ.

ಹೀಗಾಗಿ ಜಮಖಂಡಿಯಲ್ಲಿ ಕೋರ್ಟಿನ ಹಿಂದಿನ ಗಲ್ಲಿಯಲ್ಲಿ ನಾನು ಖಾನಾವಳಿ ನಡೆಸುತ್ತ ಇಪ್ಪತ್ತೆರಡು ವರ್ಷವಾದರೂ, ನನ್ನ ಸಾರು ಹೇಗಾಗಿದೆ ಎಂದು ಬಡಿಸುವ ಮೊದಲು ನನಗೆ ಗೊತ್ತಿರುತ್ತಿರಲಿಲ್ಲ. ಗೊತ್ತಾಗುತ್ತಿದ್ದದ್ದು ನನ್ನ ಗಂಡನಿಗೆ. ಗಂಡನ ಹೆಸರು ಹೇಳಬಾರದು ಅನ್ನುತ್ತಾರೆ. ನಾನು ಹೇಳುತ್ತೇನೆ, ಯಾರಪ್ಪನ ಗಂಟೇನೂ ಹೋಗುವುದಿಲ್ಲ. ಶಿದ್ರಾಮಪ್ಪ. ಮೊದಲು ಬನಹಟ್ಟಿಯಲ್ಲಿ ನಮ್ಮವೇ ನಾಲ್ಕು ಮಗ್ಗ ಇದ್ದವು. ಮಗ್ಗದ ಸದ್ದಿಗೆ ಅವರ ಕಿವಿ ಅರ್ಧ ಹೋದವು. ದೇವರು ಅಲ್ಲಿ ಕಿತ್ತುಕೊಂಡದ್ದನ್ನು ಮೂಗು ಮತ್ತು ನಾಲಿಗೆಗೆ ಕೊಟ್ಟಿದ್ದ. ಶೇಂಗಾ ಚೀಲದ ಬಾಯಿ ಬಿಚ್ಚಿದರೆ ಸಾಕು, ಹೋದ ವರ್ಷದ್ದೋ ಈ ವರ್ಷದ್ದೋ ಹೇಳಿಬಿಡುತ್ತಿದ್ದರು. ಕಿರಾಣಿ ಅಂಗಡಿಯ ಶಂಕರೆಪ್ಪ ಇವರು ಬರುವುದನ್ನು ಕಂಡರೆ ಹಳೆ ಮಾಲನ್ನು ಒಳಗೆ ಸರಿಸುತ್ತಿದ್ದ.

ದಿನಾ ಹನ್ನೊಂದು ಗಂಟೆಗೆ, ಮೊದಲ ತಾಟು ಹಾಕುವ ಮುಂಚೆ, ಅವರು ಕೈ ತೊಳೆದುಕೊಂಡು ಅಡುಗೆಮನೆಯ ಹೊಸ್ತಿಲಿಗೆ ಬಂದು ಬಲಗೈ ಚಾಚಬೇಕು. ನಾನು ಚಮಚೆ ತಾಗದಂತೆ ಮೇಲಿನಿಂದ ಒಂದು ಹನಿ ಸಾರು ಬಿಡಬೇಕು. ಅವರು ಕಣ್ಣು ಮುಚ್ಚಿ ನೆಕ್ಕಿ ಒಂದು ಮಾತು ಹೇಳಬೇಕು. “ಹುಳಿ ಕಡಿಮಿ.” “ಒಗ್ಗರಣಿ ಸೀದೈತಿ.” “ಮಸಾಲಿ ಹಸೇದ ಐತಿ, ಇನ್ನೊಂದ ಕುದಿ ಬೇಕು.” ಎಲ್ಲ ಸರಿಯಿದ್ದರೆ “ಛಲೋ ಆಗೇತಿ.” ವಾರಕ್ಕೆ ಎರಡು ಸಲ ‘ಛಲೋ ಆಗೇತಿ’ ಬಂದರೆ ನನಗೆ ಬಂಗಾರ ಸಿಕ್ಕ ಹಾಗೆ. ಯಾಕೆಂದರೆ ಆ ಬಾಯಿ ಸುಳ್ಳು ಹೇಳುತ್ತಿರಲಿಲ್ಲ.

ಜನವರಿಯಲ್ಲಿ ಅವರಿಗೆ ಜ್ವರ ಬಂತು. ನೆಗಡಿ, ಕೆಮ್ಮು, ಮೈಕೈ ನೋವು. ಒಂದು ವಾರ ಮಲಗಿ ಎದ್ದರು. ಎದ್ದ ಮೇಲೆ ದಿನಾ ‘ಛಲೋ ಆಗೇತಿ’ ಶುರುವಾಯಿತು. ಸೋಮವಾರ ಛಲೋ, ಮಂಗಳವಾರ ಛಲೋ, ಬುಧವಾರವೂ ಛಲೋ. ನಾನು ಹಿಗ್ಗಿದೆ. ಜ್ವರದಿಂದ ಗಂಡನಿಗೆ ಹೆಂಡತಿಯ ಬೆಲೆ ತಿಳಿಯಿತು ಅಂದುಕೊಂಡೆ, ಹುಚ್ಚಿ ನಾನು.

ಇಪ್ಪತ್ತನೆಯ ದಿನಕ್ಕೆ ನಿಜ ಗೊತ್ತಾಯಿತು. ವಕೀಲರ ಹತ್ತಿರ ಗುಮಾಸ್ತನಾಗಿರುವ ಧರ್ಮರಾಜ ನಮ್ಮಲ್ಲಿ ಹತ್ತು ವರ್ಷದಿಂದ ಉಣ್ಣುವವನು. ರೊಟ್ಟಿಗೆ ಶೇಂಗಾ ಚಟ್ನಿ ಹಚ್ಚಿ ಒಂದು ತುತ್ತು ಬಾಯಿಗಿಟ್ಟವನು ಎದ್ದು ಹೋಗಿ ಮೋರಿಗೆ ಉಗುಳಿ ಬಂದ. “ಅಕ್ಕಾರ, ಸಿಟ್ಟ ಮಾಡ್ಕೋಬ್ಯಾಡ್ರಿ. ಚಟ್ನಿ ಕಮಟ ಹೊಡಿಯಾಕತ್ತೈತಿ” ಅಂದ. ನಾನು ಡಬ್ಬಿಯ ಮುಚ್ಚಳ ತೆಗೆದು ಮೂಗಿಗೆ ಹಿಡಿದೆ. ಹಳೆ ಎಣ್ಣೆಯ ವಾಸನೆ ಗಪ್ಪೆಂದು ಹೊಡೆಯಿತು. ಹಳೆ ಶೇಂಗಾ. ಆ ಶೇಂಗಾ ತಂದವರು ನಮ್ಮವರು, ಚಟ್ನಿ ಅಂಗೈಗೆ ಹಾಕಿಸಿಕೊಂಡು ‘ಛಲೋ ಆಗೇತಿ’ ಅಂದವರೂ ನಮ್ಮವರೇ.

ಅಂದು ಊಟದ ಹೊತ್ತು ಮುಗಿದ ಮೇಲೆ ನಾನು ಡಬ್ಬಿಯನ್ನು ಅವರ ಮುಖಕ್ಕೆ ಹಿಡಿದೆ.

“ಏನ ವಾಸನಿ ಬರತೈತಿ, ಹೇಳ್ರಿ.”

ಅವರು ಡಬ್ಬಿ ನೋಡಿದರು, ನನ್ನನ್ನು ನೋಡಿದರು. “ಏನೂ ಬರೂದಿಲ್ಲ” ಅಂದರು. “ಜ್ವರ ಬಂದ ಹೋದಾಗಿಂದ ಏನೂ ಬರೂದಿಲ್ಲ. ನಿನ್ನ ಸಾರೂ ಅಷ್ಟ, ಬಿಸಿನೀರೂ ಅಷ್ಟ.”

“ಮತ್ತ ದಿನಾ ಛಲೋ ಆಗೇತಿ ಅಂತಿದ್ರಿ?”

“ನಿನಗ ಹೆದರಿಕಿ ಆಗತೈತಿ ಅಂತ ಅಂದ್ನಿ.”

ನನಗೆ ಹೆದರಿಕೆ ಆಗಲೇ ಆಗಿತ್ತು. ಆದರೆ ನನ್ನ ಸಿಟ್ಟು ಯಾವಾಗಲೂ ಮೂಗಿನ ಮೇಲೆ, ಹೆದರಿಕೆಗಿಂತ ಮುಂದೆ ಬಂದು ನಿಲ್ಲುತ್ತದೆ. ಇಪ್ಪತ್ತು ದಿನ ನನ್ನ ಕೈಯಿಂದ ಜನರಿಗೆ ಏನು ತಿನ್ನಿಸಿದಿರಿ, ನಿಮ್ಮ ಅಂಗೈಯನ್ನು ನಂಬಿ ಕೂತವಳು ನಾನು, ಹೀಗೆ ಏನೇನೋ ಅಂದೆ. ಕಡೆಗೆ, “ಇನ್ನ ಮ್ಯಾಲೆ ನಿಮ್ಮ ಕೈಗೆ ಒಂದ ಹನಿ ಹಾಕೂದಿಲ್ಲ” ಎಂದೂ ಅಂದುಬಿಟ್ಟೆ. ಆಡಿದ ಮಾತು, ಒಡೆದ ಮುತ್ತು.

ಬಾಗಲಕೋಟೆಯ ಡಾಕ್ಟರರಿಗೆ ತೋರಿಸಿದೆವು. ಅವರು ದೀಪ ಹಾಕಿ ಮೂಗಿನೊಳಗೆ ನೋಡಿದರು. “ನಾಲಿಗಿ ಹೋಗಿಲ್ರಿ, ಹೋಗಿದ್ದು ಮೂಗು. ಉಪ್ಪು, ಸಿಹಿ, ಹುಳಿ ಒಂದೀಟ ಗೊತ್ತಾಗಬೇಕು. ಆದ್ರ ನಾವು ರುಚಿ ಅನ್ನೂದ ಮುಕ್ಕಾಲು ಪಾಲು ವಾಸನೀನ. ತಿರಗಿ ಬಂದ್ರೂ ಬರಬಹುದು, ಬರದೇನೂ ಇರಬಹುದು” ಅಂದರು. ಇಷ್ಟು ಹೇಳಲಿಕ್ಕೆ ನಮ್ಮನ್ನು ಎರಡು ತಾಸು ಕೂರಿಸಿದ್ದರು.

ಆಮೇಲಿನ ನಾಲ್ಕು ತಿಂಗಳು ಹೇಳಿಕೊಳ್ಳುವಂಥದ್ದಲ್ಲ. ನಾಲ್ಕು ರೊಟ್ಟಿ ಉಣ್ಣುವವರು ಒಂದೂವರೆಗೆ ಬಂದರು. ಅದನ್ನೂ ಗುಳಿಗೆ ನುಂಗಿದ ಹಾಗೆ, ನೀರು ಕುಡಿದು ಕುಡಿದು. ಅಂಗಿಯ ಕಾಲರಿನೊಳಗೆ ಕುತ್ತಿಗೆ ಅಲುಗಾಡುವಷ್ಟು ಇಳಿದರು. ನಾನು ಬಳ್ಳೊಳ್ಳಿ ಹೆಚ್ಚು ಹಾಕಿದೆ, ಖಾರ ಹೆಚ್ಚು ಹಾಕಿದೆ, ಬದನೆಕಾಯಿಗೆ ಗುರೆಳ್ಳು ಪುಡಿ ಎರಡು ಪಾಲು ತುಂಬಿದೆ. ಬಾಯಿ ಉರಿಯಿತೇ ಹೊರತು ಬೇರೇನೂ ಆಗಲಿಲ್ಲ. ಏನು ಹಾಕಿದರೂ, ಕೇಳದಿದ್ದರೂ, “ಛಲೋ ಆಗೇತಿ” ಅನ್ನುತ್ತಿದ್ದರು. ಆ ಮಾತು ಕೇಳಿದರೆ ನನ್ನ ಮೈಯೆಲ್ಲ ಉರಿಯುತ್ತಿತ್ತು.

ಇನ್ನೊಂದಿತ್ತು. ದಿನಾ ಹನ್ನೊಂದಕ್ಕೆ ಅವರು ಕೈ ತೊಳೆಯುವುದನ್ನು ಬಿಡಲಿಲ್ಲ. ನಲ್ಲಿ ಬಿಟ್ಟ ಸದ್ದಾಗುತ್ತಿತ್ತು, ಹೊಸ್ತಿಲ ತನಕ ಬರುತ್ತಿದ್ದರು, ನಿಲ್ಲುತ್ತಿದ್ದರು. ನಾನು ತಲೆ ಎತ್ತುತ್ತಿರಲಿಲ್ಲ. ಅವರು ಹೋದ ಮೇಲೆ ನಾನು ಬೆನ್ನು ತಿರುಗಿಸಿ ಕಳ್ಳಿಯ ಹಾಗೆ ಸಾರನ್ನು ಅಂಗೈಗೆ ಹಾಕಿಕೊಂಡು ನೆಕ್ಕುತ್ತಿದ್ದೆ. ನೋಡದೆ ಬಡಿಸುವ ಧೈರ್ಯ ನನಗೂ ಉಳಿದಿರಲಿಲ್ಲ. ನಮ್ಮವ್ವನ ಕಾಯಿದೆ ನಾನು ಮುರಿದಿದ್ದೆ, ಆದರೆ ಅವರಿಗೆ ಹೇಳಿರಲಿಲ್ಲ. ಅವರ ಸುಳ್ಳಿಗೆ ಅಷ್ಟು ಕೂಗಾಡಿದವಳು ನಾನೂ ಒಂದು ಸುಳ್ಳು ಇಟ್ಟುಕೊಂಡು ಕೂತಿದ್ದೆ. ನನಗೆ ಬೇಕಾದದ್ದು ಒಂದೇ. ಈ ಮನುಷ್ಯ ಏನನ್ನಾದರೂ, ಒಂದು ತುತ್ತನ್ನಾದರೂ, ಗೊತ್ತಾಗಿ ತಿನ್ನಬೇಕು.

ನಮ್ಮ ಮಾಳಿಗೆಯ ಮೇಲಿನ ಕೋಣೆಯಲ್ಲಿ ಸಂಧ್ಯಾ ಬಾಡಿಗೆಗೆ ಇದ್ದಾಳೆ. ಬೀಳಗಿಯ ಹುಡುಗಿ, ಇಲ್ಲಿ ಕಾಲೇಜಿನಲ್ಲಿ ರಸಾಯನಶಾಸ್ತ್ರ ಕಲಿಸುತ್ತಾಳೆ. ಮಧ್ಯಾಹ್ನ ನಮ್ಮಲ್ಲೇ ಊಟ. ಸಂಜೆಗೆ ಮಾತ್ರ ಸವತೆಕಾಯಿ, ಗಜ್ಜರಿ, ಸೊಪ್ಪು ಹೆಚ್ಚಿಕೊಂಡು, ಬಾಟಲಿಯಿಂದ ಎಂಥದೋ ಹಳದಿ ಗೊಜ್ಜು ಸುರಿದುಕೊಂಡು ತಿನ್ನುತ್ತಾಳೆ. “ಆಡಿನ ಊಟ ಆತೇನ, ತಂಗಿ?” ಎಂದು ನಾನು ಕಾಡುವುದುಂಟು. “ರಾತ್ರಿ ರೊಟ್ಟಿ ಉಂಡ್ರ ಪೇಪರ್ ತಿದ್ದೂ ಮುಂದ ನಿದ್ದಿ ಬರತೈತ್ರಿ ಅಕ್ಕಾರ” ಅನ್ನುತ್ತಾಳೆ.

ಜೂನ್ ಮೊದಲ ವಾರ, ಒಂದು ಸಂಜೆ ಅವಳು ತಾಟು ಹಿಡಿದುಕೊಂಡು ಮೆಟ್ಟಿಲ ಮೇಲೆ ಕೂತಿದ್ದಳು. ನಮ್ಮವರು ಕೆಳಗಿನ ಮೆಟ್ಟಿಲಲ್ಲಿದ್ದರು. ಅವಳು ಒಂದು ಸವತೆ ಹೋಳನ್ನು ಗೊಜ್ಜಿನಲ್ಲಿ ಅದ್ದಿ, “ಕಾಕಾ, ತಗೋರಿ” ಎಂದು ಕೊಟ್ಟಳು. ಅವರು ಬಾಯಿಗಿಟ್ಟುಕೊಂಡರು. ಅಗಿದರು. ಈಗ ‘ಛಲೋ’ ಬರುತ್ತದೆ ಎಂದು ನಾನು ಹಲ್ಲು ಕಚ್ಚಿದೆ.

“ಕರಕರ ಅಂತೈತಿ” ಅಂದರು. ಆಮೇಲೆ ತಾವಾಗಿಯೇ ಕೈ ಚಾಚಿದರು. “ಇನ್ನೊಂದ ಕೊಡು.”

ನಾಲ್ಕು ಹೋಳು ತಿಂದರು. ಜ್ವರ ಬಂದ ಮೇಲೆ ಕೇಳಿ ತಿಂದದ್ದು ಅದೇ ಮೊದಲು. ನಾನು ತಾಟು ನೋಡಿದೆ, ಬಾಟಲಿ ನೋಡಿದೆ. ಬಾಟಲಿ ತಳ ಕಂಡಿತ್ತು.

“ಇದು ಎಲ್ಲಿ ಸಿಗತೈತಿ?”

“ಬೆಳಗಾವಿಯಿಂದ ತಂದಿದ್ನಿರಿ. ಇಲ್ಲಿ ಸಿಗೂದಿಲ್ಲ.”

“ಇದರಾಗ ಏನೇನೈತಿ, ಓದ ನೋಡೂಣು.”

ಓದಿದಳು. ಸಾಸಿವೆ, ಜೇನುತುಪ್ಪ, ಎಣ್ಣೆ, ಹುಳಿ, ಉಪ್ಪು. ಆಮೇಲೆ ಕೆಡದಿರಲು ಹಾಕುವ ನಾಲ್ಕಾರು ಹೆಸರು. ನಾನು ಬೆರಳಿಗೆ ಒಂದು ಹನಿ ತೆಗೆದುಕೊಂಡು ನೆಕ್ಕಿದೆ. ಸಿಹಿ, ಸ್ವಲ್ಪ ಹುಳಿ. ಇಷ್ಟಕ್ಕೆ ಬೆಳಗಾವಿಗೆ ಯಾಕೆ ಹೋಗಬೇಕು?

“ನಾ ಮಾಡಿ ಕೊಡ್ತೀನಿ ಬಿಡು” ಅಂದೆ.

“ಹೆಂಗ ಮಾಡೂದಂತ ಫೋನಿನ್ಯಾಗ ಐತ್ರಿ, ತೋರಸ್ತೀನಿ.”

“ದಿನಾ ಎಂಬತ್ತ ತಾಟು ಹಾಕಾಕಿಗೆ ಫೋನ್ ತೋರಸ್ತೀ? ನೀ ಪೇಪರ್ ತಿದ್ದು ಹೋಗು.”

ಮರುದಿನವೇ ಕೂತೆ. ಮುಧೋಳದಲ್ಲಿರುವ ನನ್ನ ಅಳಿಯ ಯುವರಾಜ ಸೂರ್ಯಕಾಂತಿ ಹೊಲದ ಬದುವಿನಲ್ಲಿ ಜೇನುಪೆಟ್ಟಿಗೆ ಇಟ್ಟಿದ್ದಾನೆ. ಅವನು ಕೊಟ್ಟ ಜೇನು ಇತ್ತು. ಗಾಣದ ಕುಸುಬಿ ಎಣ್ಣೆ ಇತ್ತು. ಲಿಂಬೆಹಣ್ಣು ಇದ್ದೇ ಇರುತ್ತದೆ. ಸಾಸಿವೆ ಡಬ್ಬಿ ಕೈಗೆ ತೆಗೆದುಕೊಂಡೆ. ಸಾಸಿವೆ ಕೈಗೆ ಬಂದ ಮೇಲೆ ಮುಂದಿನದು ನನ್ನನ್ನು ಕೇಳಿ ಆಗುವುದಿಲ್ಲ. ಬಾಣಲೆ ಇಟ್ಟೆ, ಎಣ್ಣೆ ಕಾಯಿಸಿದೆ, ಸಾಸಿವೆ ಸುರಿದೆ. ಚಟಪಟ ಸಿಡಿದು ಸುಮ್ಮನಾಗುವ ತನಕ ಬಿಟ್ಟೆ. ಒಂದು ಚಿಟಿಕೆ ಇಂಗು. ಕೈ ತಡೆಯದೆ ಎರಡು ಎಸಳು ಕರಿಬೇವು. ಜೇನನ್ನು ಬಿಸಿಗೆ ಹಾಕಬಾರದು ಎಂಬುದು ಗೊತ್ತಿತ್ತು, ಅದಕ್ಕೆ ಎಲ್ಲ ತಣ್ಣಗಾಗುವ ತನಕ ಒಂದು ತಾಸು ಕಾದೆ. ಆಮೇಲೆ ಮಿಕ್ಸಿಗೆ ಹಾಕಿ ನುಣ್ಣಗೆ ತಿರುವಿ, ಜೇನು, ಲಿಂಬೆರಸ, ಉಪ್ಪು ಕೂಡಿಸಿದೆ. ಜೇನಿನ ಬಗ್ಗೆ ಅಷ್ಟು ಜಾಗ್ರತೆ ಮಾಡಿದವಳಿಗೆ ಸಾಸಿವೆಯ ಬಗ್ಗೆ ಯೋಚನೆಯೇ ಬರಲಿಲ್ಲ.

ಸಂಜೆ ಸಂಧ್ಯಾಳ ತಾಟಿಗೆ ಹಾಕಿದೆ. ಅವಳು ಒಂದು ಗಜ್ಜರಿ ಅದ್ದಿ ತಿಂದಳು.

“ರುಚಿ ಐತ್ರಿ ಅಕ್ಕಾರ. ಆದ್ರ ಇದು ಚಟ್ನಿ ಆಗೇತ್ರಿ.”

“ಚಟ್ನಿ ಅಂದ್ರ?”

“ಒಗ್ಗರಣಿ ವಾಸನಿ ಬರಾಕತ್ತೈತಿ. ಜೇನ ಹಾಕಿದ ಒಗ್ಗರಣಿ.”

ನಾನು ನಮ್ಮವರತ್ತ ತಿರುಗಿದೆ. ಅವರೂ ಒಂದು ಹೋಳು ಅದ್ದಿ ತಿಂದಿದ್ದರು. “ಛಲೋ ಆಗೇತಿ” ಅಂದರು. ಅಂದವರೇ ಎರಡನೆಯ ಹೋಳನ್ನು ಗೊಜ್ಜಿಗೆ ಅದ್ದದೆ ಬರಿದೇ ತಿಂದರು.

“ನಿಮ್ಮ ಛಲೋಕ್ಕ ಬೆಂಕಿ ಹತ್ತಲಿ” ಎಂದು ಬಟ್ಟಲನ್ನು ಎತ್ತಿಕೊಂಡು ಒಳಗೆ ಹೋದೆ. ಅವರ ಮೇಲಿನ ಸಿಟ್ಟಲ್ಲ ಅದು. ನಾನು ಏನು ಮಾಡಿದರೂ ಅವರಿರುವ ಜಾಗದ ತನಕ ಅದು ಮುಟ್ಟುತ್ತಿರಲಿಲ್ಲ. ಅದರ ಸಿಟ್ಟು.

ಸಂಧ್ಯಾ ಹಿಂದೆಯೇ ಬಂದಳು. ಬೈದರೂ ಹೋಗುವ ಹುಡುಗಿಯಲ್ಲ ಅದು.

“ಅಕ್ಕಾರ, ಸಾಸಿವಿ ಸಿಡಿಸಿದ್ರೇನ್ರಿ?”

“ಸಾಸಿವಿ ಸಿಡಿಸದ ಮತ್ತೇನ ಪೂಜಿ ಮಾಡಬೇಕೇನು?”

“ಹಸೇದ ಹಾಕಬೇಕ್ರಿ.”

“ಹಸಿ ಸಾಸಿವಿ ಯಾರ ತಿಂತಾರ? ನಮ್ಮವ್ವ ಉಪ್ಪಿನಕಾಯಿಗೆ ಸೈತ ಹುರದ ಹಾಕತಿದ್ಲು.”

“ಅದಕ್ಕ ಹೇಳಾಕತ್ತೀನ್ರಿ” ಅಂದಳು. ಕ್ಲಾಸಿನಲ್ಲಿ ನಿಂತವರ ಹಾಗೆ ಕೈ ಎತ್ತಿದಳು. “ಇಡೀ ಕಾಳಿನ್ಯಾಗ ಘಾಟ ಇರೂದಿಲ್ರಿ. ಕುಟ್ಟಿ ತಣ್ಣೀರ ಹಾಕಿದ ಮ್ಯಾಲೆ ಹುಟ್ಟತೈತಿ. ಬಿಸಿ ತಾಗಿದ್ರ ಹುಟ್ಟೂದ ಇಲ್ಲ. ನೀವು ಹುಟ್ಟೂಕಿಂತ ಮೊದಲ ಸುಟ್ಟಿರಿ.”

ಐವತ್ತಾರು ವರ್ಷದವಳಿಗೆ ಇಪ್ಪತ್ತೆಂಟರ ಹುಡುಗಿ ಸಾಸಿವೆಯ ಪಾಠ ಹೇಳುತ್ತಾಳೆ. ರಾತ್ರಿ ಹಾಸಿಗೆಯಲ್ಲಿ ಲೆಕ್ಕ ಹಾಕಿದೆ. ಇಷ್ಟು ವರ್ಷದಲ್ಲಿ ಎಷ್ಟು ಕಿಲೋ ಸಾಸಿವೆ ಸಿಡಿಸಿರಬಹುದು. ಒಂದು ಕಾಳನ್ನೂ ಹಸಿಯಾಗಿ ಅಗಿದು ನೋಡಿರಲಿಲ್ಲ.

ಭಾನುವಾರ ಕೋರ್ಟಿಗೆ ರಜೆ, ಖಾನಾವಳಿಗೂ ರಜೆ. ಬೆಳಿಗ್ಗೆ ನಾನೇ ಮೆಟ್ಟಿಲ ಕೆಳಗೆ ನಿಂತು ಸಂಧ್ಯಾಳನ್ನು ಕೂಗಿದೆ. “ಬಾ, ನಿನ್ನ ಹಸಿ ಸಾಸಿವಿ ನೋಡೂಣು.” ಅವಳು ಕೂದಲಿಗೆ ಕ್ಲಿಪ್ ಹಾಕಿಕೊಳ್ಳುತ್ತ ಓಡಿ ಬಂದಳು. ಹೊಟ್ಟೆಯಲ್ಲಿ ನಗು ಇತ್ತು, ಮುಖದ ಮೇಲೆ ತರಲಿಲ್ಲ. ಅಷ್ಟು ಬುದ್ಧಿ ಇದೆ ಅವಳಿಗೆ.

ಮಿಕ್ಸಿ ಬೇಡ, ಬಿಸಿಯಾಗುತ್ತದೆ ಎಂದಳು. ಮೂಲೆಯ ಕಲ್ಲಿನ ಒರಳನ್ನು ತೊಳೆದು ಒರೆಸಿದೆ. ನಾಲ್ಕು ಚಮಚೆ ಸಾಸಿವೆ. ಒನಕೆಯ ಕೆಳಗೆ ಕಾಳು ಜಾರಿ ಜಾರಿ ಹೋಗುತ್ತಿತ್ತು, ಕುಟ್ಟುವುದಕ್ಕಿಂತ ಹಿಡಿಯುವುದೇ ಕೆಲಸವಾಯಿತು. ಕರಿ ಸಿಪ್ಪೆ ಒಡೆದು ಒಳಗಿನ ಹಳದಿ ಕಂಡಿತು. ಮೂಗಿಟ್ಟು ನೋಡಿದೆ. ಏನೂ ಇಲ್ಲ, ಹಿಟ್ಟಿನ ವಾಸನೆ.

“ಎಲ್ಲೈತಿ ನಿನ್ನ ಘಾಟು?”

“ಈಗ ತಣ್ಣೀರ ಹಾಕ್ರಿ. ಮಣ್ಣಿನ ಗಡಿಗಿಯಾಗಿಂದ. ಹಾಕಿ ಕಲಸಿ ಬಿಟ್ಟುಬಿಡ್ರಿ. ಹದಿನೈದ ನಿಮಿಷ ಕೈ ಹಚ್ಚಬ್ಯಾಡ್ರಿ. ಲಿಂಬೀನೂ ಹಿಂಡಬ್ಯಾಡ್ರಿ, ಹುಳಿ ಬಿದ್ರ ಅಲ್ಲೇ ನಿಂತುಬಿಡತೈತಿ.”

ನೀರು ಹಾಕಿ ಕಲಸಿ ತಾಟು ಮುಚ್ಚಿದೆ. ಅಷ್ಟರಲ್ಲಿ ಪಚಡಿಗೆ ಹೆಚ್ಚಿದೆ. ಎಳೆ ಮೆಂತ್ಯೆ ಸೊಪ್ಪು, ಮೂಲಂಗಿ, ಸವತೆಕಾಯಿ, ಉಳ್ಳಾಗಡ್ಡಿ ತಪ್ಪಲು. ನಮ್ಮಲ್ಲಿ ರೊಟ್ಟಿಯ ಜೊತೆ ಹಸಿ ಸೊಪ್ಪು ತಪ್ಪಲು ತಿನ್ನುವುದು ಹೊಸದೇನಲ್ಲ. ಮೇಲೆ ಕುಸುಬಿ ಎಣ್ಣೆ, ಶೇಂಗಾ ಪುಡಿ ಹಾಕಿ ಕಲಸಿದರೆ ಆಯಿತು. ಹೊಸದು ಈ ಗೊಜ್ಜೊಂದೇ.

ಹದಿನೈದು ನಿಮಿಷವಾಯಿತು. ತಾಟು ತೆಗೆದು ಬಗ್ಗಿದೆ.

ಏನು ಹೇಳಲಿ. ಕಣ್ಣಿಗೆ ಯಾರೋ ಚುಚ್ಚಿದ ಹಾಗಾಯಿತು. ನೀರು ಸುರಿಯಿತು, ಮೂಗು ಸುರಿಯಿತು. ಎರಡು ಹೆಜ್ಜೆ ಹಿಂದೆ ಸರಿದು ಗೋಡೆ ಹಿಡಿದುಕೊಂಡೆ. ಹದಿನೈದು ನಿಮಿಷದ ಹಿಂದೆ ಮಣ್ಣಿನಂತೆ ಬಿದ್ದಿದ್ದ ಹಿಟ್ಟು ಅದು. ಸಂಧ್ಯಾ ನಕ್ಕೇ ಬಿಟ್ಟಳು.

“ಬಂತೇನ್ರಿ?”

“ಬಂತು, ನಿನ್ನ ಮಾರಿಗಿಷ್ಟು” ಅಂದೆ, ಸೆರಗಿನಿಂದ ಮೂಗು ಒರೆಸಿಕೊಳ್ಳುತ್ತ.

ಲಿಂಬೆ ಹಿಂಡಿದೆ, ಉಪ್ಪು ಹಾಕಿದೆ. ಜೇನು ಐದು ಚಮಚೆ ಎಂದಳು. ಕುಸುಬಿ ಎಣ್ಣೆಯನ್ನು ಒಂದೇ ಸಲ ಸುರಿಯದೆ, ಸಣ್ಣ ಧಾರೆಯಲ್ಲಿ ಬಿಡುತ್ತ ಚಮಚೆಯಿಂದ ಬಡಿದೆ. ಬೇರೆ ಬೇರೆ ನಿಂತಿದ್ದ ಎಣ್ಣೆ, ರಸ, ಜೇನು ಸ್ವಲ್ಪ ಹೊತ್ತಿಗೆ ಒಂದಾಗಿ ದಪ್ಪಗಾಯಿತು. ಅಲ್ಲಲ್ಲಿ ಕರಿ ಸಿಪ್ಪೆ ಕಾಣುತ್ತಿತ್ತು. ಅಂಗಡಿಯ ಬಾಟಲಿಯಷ್ಟು ಚೆಂದ ಇರಲಿಲ್ಲ. ಬೆರಳಿಗೆ ಹಚ್ಚಿಕೊಂಡು ನೋಡಿದೆ. ಮೊದಲು ಸಿಹಿ, ಅದರ ಹಿಂದೆ ಹುಳಿ, ತುದಿಗೆ ಒಂದು ಕಹಿ. ಇಷ್ಟೇ ಏನು ಅನ್ನುವಷ್ಟರಲ್ಲಿ ಮೂಗಿನ ಹಿಂದಿನಿಂದ ಎದ್ದು ನೆತ್ತಿಗೆ ಹೋಯಿತು.

“ಕೆಟ್ಟತು” ಅಂದೆ. “ಇದನ್ನ ಯಾರ ತಿಂತಾರ?”

“ಇವತ್ತ ಜೋರ ಇರತೈತ್ರಿ. ನಾಳಿ ಅನ್ನೂದರಾಗ ಇಳೀತೈತಿ. ಬಾಟಲಿಗಿ ತುಂಬಿ ಇಡೂಣು, ನಾಳಿ ತಿನ್ನೂಣು.”

ಅವಳು ಬಾಟಲಿ ತರಲು ಮೇಲೆ ಹೋದಳು. ನಮ್ಮವರು ಬಂದು ಊಟಕ್ಕೆ ಕೂತರು. ನಾನು ಎರಡು ರೊಟ್ಟಿ, ಬೇಳೆ ಪಲ್ಯ ಹಾಕಿ ಪಚಡಿ ಇಟ್ಟೆ. ಮೇಲೆ ಶೇಂಗಾ ಪುಡಿ ಉದುರಿಸಲು ಕೈ ಡಬ್ಬಿಗೆ ಹೋಯಿತು. ಹೋದ ಕೈ ನಿಂತಿತು. ನಾಳೆ ಅಂದರೆ ಇಳಿದಿರುತ್ತದೆ ಎಂದಿದ್ದಳು. ಇಳಿದದ್ದನ್ನು ಇವರಿಗೆ ಕೊಟ್ಟು ಏನು ಮಾಡಲಿ, ಇಳಿದ ಊಟವನ್ನೇ ಜನವರಿಯಿಂದ ಉಣ್ಣುತ್ತಿದ್ದಾರೆ. ಎರಡು ಚಮಚೆ ಗೊಜ್ಜನ್ನು ಪಚಡಿಯ ಮೇಲೆ ಸುರಿದು ಕಲಸಿ ಮುಂದೆ ಇಟ್ಟೆ. ಏನೂ ಹೇಳಲಿಲ್ಲ.

ಅವರು ಒಂದು ಹಿಡಿ ಬಾಯಿಗಿಟ್ಟುಕೊಂಡರು. ಮೂಲಂಗಿ ಕರಕರ ಅಂದಿತು. ನಾನು ಎದುರಿಗೆ ಕೂತು ನೋಡುತ್ತಿದ್ದೇನೆ ಎಂದು ಅವರಿಗೆ ಗೊತ್ತು. ಅಭ್ಯಾಸ ಬಿದ್ದ ಬಾಯಿ, ಅಗಿಯುತ್ತಲೇ ಶುರುಮಾಡಿತು.

“ಛಲೋ ಆಗೇ...”

ಅಷ್ಟಕ್ಕೆ ನಿಂತರು. ಬಾಯಿ ತೆರೆದೇ ಉಳಿಯಿತು. ಕಣ್ಣು ಅಗಲವಾದವು, ಆಮೇಲೆ ಬಿಗಿಯಾಗಿ ಮುಚ್ಚಿದವು. ಒಂದು ಕೈ ಮೂಗಿಗೆ ಹೋಯಿತು, ಇನ್ನೊಂದು ನೆತ್ತಿಗೆ. ಮುಖ ಕೆಂಪಾಯಿತು. ಕೆನ್ನೆಯ ಮೇಲೆ ನೀರು ಇಳಿಯಿತು. ತುತ್ತು ಗಂಟಲಿಗೆ ಸಿಕ್ಕಿತು ಎಂದು ನಾನು ಗಾಬರಿಯಾಗಿ ನೀರಿನ ಚರಿಗೆ ಹಿಡಿದು ಓಡಿದೆ. ಅವರು ಚರಿಗೆಯನ್ನು ಕೈಯಿಂದ ಸರಿಸಿದರು. ಆಮೇಲೆ ಸೀನಿದರು. ಒಂದಲ್ಲ, ಮೂರು. ಮೂರನೆಯದಕ್ಕೆ ತಾಟು ಅಲುಗಾಡಿತು.

“ನೀರ ಬ್ಯಾಡ” ಅಂದರು. ಉಸಿರು ಎಳೆದುಕೊಂಡರು. ಸ್ವಲ್ಪ ಹೊತ್ತು ತಾಟನ್ನೇ ನೋಡಿದರು. ಆಮೇಲೆ ನನ್ನನ್ನು ನೋಡಿ, “ಛಲೋ ಆಗಿಲ್ಲ” ಅಂದರು.

ನಾನು ಚರಿಗೆ ಹಿಡಿದು ನಿಂತೇ ಇದ್ದೆ.

“ಸಾಸಿವಿ ಜಾಸ್ತಿ ಆಗೇತಿ, ಮಾದೇವಿ. ನೆತ್ತಿಗಿ ಏರಿತು. ಏನ ಹಾಕಿಯಲೇ ಇದಕ್ಕ?”

“ವಾಸನಿ ಬಂತೇನ್ರಿ?”

ಅವರು ತಾಟಿನ ಮೇಲೆ ಬಗ್ಗಿ ಮೂಸಿ ನೋಡಿದರು. ಸುಳ್ಳು ಹೇಳಲಿಲ್ಲ. “ವಾಸನಿ ಇಲ್ಲ” ಅಂದರು. “ಏರಿದ್ದು ಗೊತ್ತಾತು. ಏರಿದ್ದು ಮಾತ್ರ ಖರೆ ಗೊತ್ತಾತು.”

ಬಾಟಲಿ ತೆಗೆದುಕೊಂಡು ಬಂದ ಸಂಧ್ಯಾ ಬಾಗಿಲಲ್ಲಿ ನಿಂತಿದ್ದಳು. ಆಮೇಲೆ ಅವಳು ಮೆಲ್ಲಗೆ ನನಗೆ ತಿಳಿಸಿ ಹೇಳಿದಳು. ಸಾಸಿವೆಯ ಘಾಟು ಹೋಗುವ ದಾರಿ ಬೇರೆ, ವಾಸನೆ ಹೋಗುವ ದಾರಿ ಬೇರೆ. ಘಾಟು ತಿಳಿಯಿತು ಅಂದಮಾತ್ರಕ್ಕೆ ಮೂಗು ಬಂತು ಅಂತ ಅಲ್ಲ. ನಾನು ಕೇಳಿಸಿಕೊಂಡೆ. ತಿಳಿಯದೆ ಏನೂ ಇಲ್ಲ ನನಗೆ. ಆದರೆ ಅಷ್ಟೊತ್ತಿಗೆ ಅವರು ಕಣ್ಣು ಒರೆಸಿಕೊಳ್ಳುತ್ತ, ಸೀನುತ್ತ, ನನ್ನನ್ನು ಬೈಯುತ್ತ ಬಟ್ಟಲು ಪಚಡಿಯನ್ನು ಖಾಲಿ ಮಾಡಿದ್ದರು. ಎರಡನೆಯ ರೊಟ್ಟಿ ಮುಗಿದಿತ್ತು. ಮೂರನೆಯದಕ್ಕೆ ತಾಟು ಮುಂದೆ ಸರಿಸಿದ್ದರು. ನನಗೆ ಅಷ್ಟು ಖುಷಿ ಮದುವೆಯ ದಿನವೂ ಆಗಿರಲಿಲ್ಲ.

ಸೋಮವಾರ ಎಂದಿನಂತೆ ಖಾನಾವಳಿ ತೆರೆದೆವು. ಹನ್ನೊಂದಕ್ಕೆ ನಲ್ಲಿಯ ಸದ್ದಾಯಿತು. ಅವರು ಹೊಸ್ತಿಲ ತನಕ ಬಂದು ನಿಂತರು. ನಾನು ಸಾರಿನ ಚಮಚೆ ಹಿಡಿದು ಎದ್ದು ಹೋದೆ. ಅವರು ನನ್ನ ಮುಖ ನೋಡಿದರು, ಆಮೇಲೆ ಬಲಗೈ ಚಾಚಿದರು. ಮೇಲಿನಿಂದ ಒಂದು ಹನಿ ಬಿಟ್ಟೆ.

ಅವರು ಕಣ್ಣು ಮುಚ್ಚಿ ನೆಕ್ಕಿದರು. ಹೊರಗೆ ಧರ್ಮರಾಜ ಕುರ್ಚಿ ಎಳೆದು ಕೂತ ಸದ್ದಾಯಿತು.

“ಗೊತ್ತಾಗವಲ್ದು” ಅಂದರು.

ಜನವರಿಯಿಂದ ಈ ಹೊಸ್ತಿಲಲ್ಲಿ ನಿಂತು ಅವರು ಹೇಳಿದ ಮೊದಲ ಖರೆ ಮಾತು ಅದು. ನಾನು ಅದೇ ಚಮಚೆಯಿಂದ ಇನ್ನೊಂದು ಹನಿಯನ್ನು ನನ್ನ ಅಂಗೈಗೆ ಹಾಕಿಕೊಂಡು, ಬೆನ್ನು ತಿರುಗಿಸದೆ, ಅವರ ಎದುರಿಗೇ ನೆಕ್ಕಿದೆ. ಅವರು ನೋಡಿದರು. ನಮ್ಮವ್ವನ ಕಾಯಿದೆ ಅವರಿಗೂ ಗೊತ್ತು.

“ಮಸಾಲಿ ಹಸೇದ ಐತ್ರಿ” ಅಂದೆ.

“ಹಂಗಾರ ಇನ್ನೊಂದ ಕುದಿ ಬರಲಿ” ಅಂದರು. ತಾವೇ ಒಳಗೆ ಬಂದು ಒಲೆಯ ಉರಿ ಹೆಚ್ಚು ಮಾಡಿದರು.